ಕಾಯುತ್ತೇನೆ ಎಂದಿದ್ದೆ

ಡಿಸೆಂಬರ್ 30, 2007, ಭಾನುವಾರ

ಸಂಜೆ ಅಧ್ಯಕ್ಷ ಚುನಾವಣೆಯ ಫಲಿತಾಂಶ ಹೇಳಿಬಿಟ್ಟರು. ಮೂರು ದಿನದಿಂದ ಇಡೀ ನೈರೋಬಿ ಟಿವಿಯ ಮುಂದೆ ಕೂತಿತ್ತು. ಪ್ರಮಾಣವಚನವೂ ಅದೇ ಸಂಜೆ ಅವಸರವಸರವಾಗಿ ಮುಗಿಯಿತು. ಅದರ ಬೆನ್ನಿಗೇ ನೇರಪ್ರಸಾರ ನಿಲ್ಲಿಸಬೇಕೆಂದು ಆದೇಶ. ನಮ್ಮ ಲ್ಯಾವಿಂಗ್ಟನ್ ಮನೆಯ ಮಹಡಿಯಿಂದ ನೋಡಿದರೆ ಕವಾಂಗ್ವಾರೆಯ ತಗಡಿನ ಮಾಡುಗಳ ಮೇಲೆ ಎರಡು ಕಡೆ ಹೊಗೆ ಏಳುತ್ತಿತ್ತು.

ನನ್ನ ಗಂಡ ಕ್ಲಿಫರ್ಡ್ ಗೇಟಿನ ಕಾವಲುಗಾರನಿಗೆ ಇನ್ನೊಂದು ಬೀಗ ಕೊಟ್ಟು ಬಂದ. ಎಂಬಕಸಿಯಲ್ಲಿರುವ ಅವನ ಔಷಧ ಕಂಪನಿಯ ಗೋಡೌನಿಗೆ ನಾಳೆಯಿಂದ ರಜೆ.

“ನಾಲ್ಕು ದಿನ ನೀನೂ ಮನೆಯಲ್ಲಿ ಸುಮ್ಮನೆ ಕೂತ್ಕೊ ಮಾರಾಯ್ತಿ,” ಎಂದ.

ಸುಮ್ಮನೆ ಕೂರುವುದಕ್ಕೆ ಯಾರೂ ನನಗೆ ಅಂಕಣ ಕೊಟ್ಟಿಲ್ಲ ಎಂದೆ. ಹದಿನಾಲ್ಕು ವರ್ಷದಿಂದ ಈ ಊರಿನ ಇಂಗ್ಲಿಷ್ ಪತ್ರಿಕೆಯಲ್ಲಿ ಪ್ರತಿ ಗುರುವಾರ ಹಕ್ಕುಗಳ ಬಗ್ಗೆ, ರಾಜಕೀಯದ ಬಗ್ಗೆ ಬರೆಯುತ್ತಿದ್ದೇನೆ. ಈಗ ಬರೆಯದಿದ್ದರೆ ಇನ್ನು ಯಾವಾಗ?

ಸಂಪಾದಕ ಮುತಿಸ್ಯ ಫೋನ್ ಮಾಡಿದ್ದ. “ಇವತ್ತಿನಿಂದ ಓದುವವರು ಮೊದಲು ಬರೆದವರ ಹೆಸರು ನೋಡುತ್ತಾರೆ, ಯಾವ ಪಂಗಡ ಅಂತ. ನೀವು ಮುಹಿಂದಿ, ಇಂಡಿಯಾದವರು. ಅದರಲ್ಲೂ ದಕ್ಷಿಣದವರು. ಜೆಸ್ವಿಟಾ ಎನ್ನುವ ಹೆಸರಿನಿಂದ ಇಲ್ಲಿ ಯಾರಿಗೂ ಏನೂ ಗೊತ್ತಾಗುವುದಿಲ್ಲ. ನೀವು ಬರೆಯಿರಿ,” ಎಂದ. ನಕ್ಕೆ. ಆದರೆ ಮಾತು ನಿಜ. ಈ ಊರಿನಲ್ಲಿ ಇವತ್ತು ಎರಡೂ ಕಡೆಯವರು ನಂಬುವ ಕೆಲವೇ ಜನರಲ್ಲಿ ನಾನೂ ಒಬ್ಬಳು. ಅದು ಸಣ್ಣ ಸಂಗತಿಯಲ್ಲ.

ಈ ವಾರದಿಂದ ಪ್ರತಿಯೊಂದನ್ನೂ ಬರೆದಿಡಬೇಕು. ಆಫೀಸಿನಲ್ಲಿ ಇಂಗ್ಲಿಷ್, ಮನೆಯಲ್ಲಿ ಕೊಂಕಣಿ. ಶಾಲೆಯಲ್ಲಿ ಕಲಿತ ಕನ್ನಡ ನನ್ನೊಬ್ಬಳಿಗೇ ಉಳಿದದ್ದು. ಆದ್ದರಿಂದ ಇದು ಕನ್ನಡದಲ್ಲಿ.


ಜನವರಿ 4, 2008, ಶುಕ್ರವಾರ

ಇವತ್ತು ನಮ್ಮ ಅಪಿಯೊ ಬಂದಳು. ಆರು ದಿನದ ಮೇಲೆ. ಮಟಾಟು ವ್ಯಾನುಗಳಿಲ್ಲ, ಕಿಬೆರಾ ಕೊಳೆಗೇರಿಯಿಂದ ನಡೆದೇ ಬಂದಿದ್ದಾಳೆ. ನ್ಗಾಂಗ್ ರಸ್ತೆಯಲ್ಲಿ ಕೆಂಪು ಟೋಪಿಯ ಪೊಲೀಸರು ಮೂರು ಕಡೆ ನಿಲ್ಲಿಸಿ ಚೀಲ ನೋಡಿದರಂತೆ. ಚೀಲದಲ್ಲಿದ್ದದ್ದು ಒಂದು ಜೊತೆ ಚಪ್ಪಲಿ. ಸವೆಯಬಾರದೆಂದು ಬರಿಗಾಲಲ್ಲಿ ನಡೆದಿದ್ದಳು.

ಹನ್ನೊಂದು ವರ್ಷದಿಂದ ನಮ್ಮ ಮನೆಯ ಅಡುಗೆ ಅವಳದು. ನನ್ನ ಮೀನಿನ ಸಾರು ನನಗಿಂತ ಚೆನ್ನಾಗಿ ಮಾಡುತ್ತಾಳೆ. ನನ್ನನ್ನು ಕರೆಯುವುದು ಮಾಮಾ ಎಂದು, ಇಲ್ಲಿಯ ಭಾಷೆಯಲ್ಲಿ ಅಮ್ಮ. ಅವಳ ಗಂಡ ಒಗೊಲ್ಲಾ ಬಡಗಿ. ಇಲ್ಲಿ ಫುಂಡಿ ಅನ್ನುತ್ತಾರೆ. ಕಿಬೆರಾದೊಳಗೆ ರೈಲು ಹಳಿಯ ಪಕ್ಕ ಅವನದೊಂದು ಅಂಗಡಿ. ಮಂಚ, ಬಾಗಿಲು ಮಾಡುತ್ತಾನೆ. ಮಕ್ಕಳಿಬ್ಬರು ಪಶ್ಚಿಮದಲ್ಲಿ, ಸರೋವರದ ಕಡೆಯ ಊರಿನಲ್ಲಿ ಅಜ್ಜಿಯ ಹತ್ತಿರ.

“ಒಗೊಲ್ಲಾನನ್ನೂ ಕರ್ಕೊಂಡು ಊರಿಗೆ ಹೋಗಬಾರದಿತ್ತಾ?” ಎಂದು ಕೇಳಿದೆ.

“ರಸ್ತೆ ಎಲ್ಲಿದೆ ಮಾಮಾ? ಬಸ್ಸು ನಿಲ್ಲಿಸಿ ಹೆಸರು ಕೇಳ್ತಾರಂತೆ. ಅಂಗಡಿ ಬಿಟ್ಟು ಬರಲ್ಲ ಅಂತಾನೆ ಅವನು. ಹಲಗೆ ಇದೆಯಲ್ಲ, ಕದ್ದುಬಿಡ್ತಾರೆ ಅಂತ.”

ಅವಳು ಕಿಬೆರಾದ ಬಗ್ಗೆ ಹೇಳಿದ್ದನ್ನೆಲ್ಲ ಗುರುತು ಹಾಕಿಕೊಂಡೆ. ಮುಂದಿನ ಅಂಕಣಕ್ಕೆ ಒಳ್ಳೆಯ ಸಾಮಗ್ರಿ. ಹಿತ್ತಲ ಕೋಣೆಯಿಂದ ಕ್ಲಿಫರ್ಡನ ಪೆಟ್ಟಿಗೆಗಳನ್ನು ತೆಗೆಸಿ ಗಂಡ ಹೆಂಡತಿಯನ್ನು ಇಲ್ಲೇ ಇರಿಸಿಕೊಳ್ಳಬಹುದಿತ್ತು ಎಂದು ಅವಳು ಹೋದ ಮೇಲೆ ಹೊಳೆಯಿತು. ಮುಂದಿನ ವಾರ ಹೇಳಬೇಕು.


ಜನವರಿ 18, ಶುಕ್ರವಾರ

ಒಗೊಲ್ಲಾ ಹೋದ. ನಿನ್ನೆ ಮಧ್ಯಾಹ್ನ.

ಬೆಳಿಗ್ಗೆ ಅಪಿಯೊ ಯಾರದೋ ಫೋನಿನಿಂದ ಮಾತಾಡಿದಳು. ಮೊದಲು ದನಿಯೇ ಗುರುತಾಗಲಿಲ್ಲ. ವಿರೋಧ ಪಕ್ಷದವರು ಮೂರು ದಿನದ ಪ್ರತಿಭಟನೆಗೆ ಕರೆ ಕೊಟ್ಟಿದ್ದರಲ್ಲ, ನಿನ್ನೆ ಎರಡನೆಯ ದಿನ. ಪೊಲೀಸರು ಹಳಿಯ ಮೇಲೆ ನಿಂತು ಗುಂಡು ಹಾರಿಸಿದರಂತೆ. ಅವನು ಪ್ರತಿಭಟನೆಗೆ ಹೋದವನಲ್ಲ.

“ಅವನು ಮೆರವಣಿಗೆಗೆ ಹೋಗಿರಲಿಲ್ಲ ಮಾಮಾ. ಹೋಗಿರಲಿಲ್ಲ,” ಎಂದು ನಾಲ್ಕು ಸಲ ಹೇಳಿದಳು, ಹೋಗಿದ್ದರೆ ಕೊಂದದ್ದು ಸರಿಯಾಗುತ್ತಿತ್ತೋ ಎನ್ನುವ ಹಾಗೆ.

ನಿನ್ನೆಯ ಅಂಕಣದಲ್ಲಿ ನಾನು ಬರೆದದ್ದು ಗುಂಪು ಸೇರುವ ಹಕ್ಕಿನ ಬಗ್ಗೆ. ಸಂವಿಧಾನದ ಕಲಮು ಉದ್ಧರಿಸಿದ್ದೆ. ಅದು ಅಚ್ಚಾಗಿ ಬಂದ ದಿನವೇ.

ಹಿತ್ತಲ ಕೋಣೆಯ ಪೆಟ್ಟಿಗೆಗಳು ಅಲ್ಲೇ ಇವೆ.


ಜನವರಿ 19, ಶನಿವಾರ

ಅಪಿಯೊಳ ಜೊತೆ ಶವಾಗಾರಕ್ಕೆ ಹೋಗಿದ್ದೆ. ಕ್ಲಿಫರ್ಡ್ ಬೇಡವೆಂದ, ಆಮೇಲೆ ತಾನೇ ಕಾರಿನಲ್ಲಿ ಬಿಟ್ಟು ಹೊರಗೆ ಕಾದ.

ಬರೆಯುವುದು ಕಷ್ಟವಾಗುತ್ತಿದೆ, ಆದರೂ ಬರೆಯುತ್ತೇನೆ. ಒಳಗೆ ಜಾಗವಿಲ್ಲದೆ ನೆಲದ ಮೇಲೂ ಇಟ್ಟಿದ್ದರು. ಬೂಟು ಹಾಕಿದ ಮುದುಕನೊಬ್ಬ ಕಾಲ್ಬೆರಳಿಗೆ ಕಟ್ಟಿದ ಚೀಟಿ ಓದುತ್ತಾ ಮುಂದೆ ನಡೆದ. ಒಗೊಲ್ಲಾ ಮೂರನೆಯ ಸಾಲಿನಲ್ಲಿದ್ದ. ಅಪಿಯೊ ಅಳಲಿಲ್ಲ. ಅವನ ಎಡಗೈ ಎತ್ತಿ ಬೆರಳು ನೋಡಿದಳು. ಉಂಗುರದ ಬೆರಳು ಗರಗಸಕ್ಕೆ ಹೋದದ್ದು ಅವಳನ್ನು ಮದುವೆಯಾಗುವ ಮೊದಲು. “ಇವನೇ,” ಎಂದಳು. ಕಿವಿಯ ಹಿಂದೆ ಮರದ ಪುಡಿ ಇನ್ನೂ ಅಂಟಿಕೊಂಡಿತ್ತು. ಅದನ್ನು ಸೆರಗಿನ ಹಾಗೆ ಸುತ್ತಿಕೊಂಡಿದ್ದ ಬಟ್ಟೆಯ ತುದಿಯಿಂದ ಒರೆಸಿದಳು.

ಮುದುಕನಿಗೆ ಹೇಳಿ ಮಗ್ಗುಲಾಗಿಸಿ ನೋಡಿದೆ. ಎಡ ಹೆಗಲ ಮೂಳೆಯ ಕೆಳಗೆ ಸಣ್ಣ ತೂತು. ಎದೆಯ ಕಡೆ ದೊಡ್ಡದು. ಅಂದರೆ ಬೆನ್ನಿಗೆ ಹೊಡೆದಿದ್ದಾರೆ. ನನ್ನ ಕಣ್ಣಾರೆ ನೋಡಿದ್ದೇನೆ.

ಹೊರಗೆ ಬಂದ ಮೇಲೆ ಅಪಿಯೊ ನನ್ನ ಕೈ ಹಿಡಿದುಕೊಂಡಳು. ಹನ್ನೊಂದು ವರ್ಷದಲ್ಲಿ ಮೊದಲ ಸಲ.

“ಮಾಮಾ, ಈಗ ಬರೀಬೇಡಿ.”

“ಬರೆಯದಿದ್ದರೆ ಇದು ಯಾರಿಗೆ ಗೊತ್ತಾಗುತ್ತೆ ಅಪಿಯೊ?”

“ಹೆಣ ಬಿಡೋ ಕಾಗದ ಕೊಡೋರು ಅದೇ ಪೊಲೀಸರು. ಮೊದಲು ಅವನನ್ನ ಊರಿಗೆ ತಗೊಂಡು ಹೋಗಬೇಕು. ಅವನ ತಾಯಿ ಮನೆ ಮುಂದೆ ಮಣ್ಣು ಮಾಡಬೇಕು. ಆಮೇಲೆ ಏನು ಬೇಕಾದರೂ ಬರೀರಿ. ಕಾಯ್ತೀರಾ?”

“ಕಾಯುತ್ತೇನೆ,” ಎಂದೆ.


ಜನವರಿ 22, ಮಂಗಳವಾರ

ಮುತಿಸ್ಯನಿಗೆ ಹೇಳಿದೆ. ಹೇಳದಿರಲು ಆಗಲಿಲ್ಲ. ಅವನು ಎದ್ದು ಬಾಗಿಲು ಹಾಕಿ ಬಂದು ಕೂತ.

“ಬೆನ್ನಿಗೆ. ನೀವೇ ನೋಡಿದ್ದೀರಾ?”

“ನೋಡಿದ್ದೇನೆ.”

“ಮಧ್ಯಸ್ಥಿಕೆಗೆ ಹೊರದೇಶದ ಹಿರಿಯರು ಇವತ್ತು ಇಳಿಯುತ್ತಿದ್ದಾರೆ. ಗುರುವಾರ ಬೆಳಿಗ್ಗೆ ಅವರ ಮೇಜಿನ ಮೇಲೆ ನಮ್ಮ ಪತ್ರಿಕೆ ಇರುತ್ತದೆ. ಮುಂದಿನ ತಿಂಗಳು ಬರೆದರೆ ಯಾರಿಗೆ ಬೇಕು?”

ಅವನು ಹೇಳುವುದು ನಿಜ. ಪಶ್ಚಿಮದ ರಸ್ತೆಗಳು ಮುಚ್ಚಿವೆ, ಒಗೊಲ್ಲಾನ ದೇಹ ಊರು ಸೇರುವುದಕ್ಕೆ ಒಂದು ತಿಂಗಳೇ ಬೇಕಾಗಬಹುದು. ಅಷ್ಟರಲ್ಲಿ ಇನ್ನೆಷ್ಟು ಜನ? ಅಪಿಯೊಳ ಫೋನಿಗೆ ಎರಡು ಸಲ ಪ್ರಯತ್ನಿಸಿದೆ, ಆಫ್ ಆಗಿದೆ. ಕಾಯುತ್ತೇನೆ ಎಂದೇ ಹೇಳಿದ್ದೆನೋ, ನೋಡೋಣ ಎಂದಿದ್ದೆನೋ, ಆ ಗದ್ದಲದಲ್ಲಿ ಸರಿಯಾಗಿ ನೆನಪಿಲ್ಲ. ಅವಳಿಗೆ ಬೇಕಾದದ್ದು ಅವಳ ಹೆಸರು ಬರಬಾರದು ಎನ್ನುವುದಷ್ಟೆ. ಹೆಸರು ಹಾಕುವುದಿಲ್ಲ. ಅವನದೂ ಇಲ್ಲ, ಅವಳದೂ ಇಲ್ಲ. ಪಂಗಡವೂ ಇಲ್ಲ. ಶವಾಗಾರ ಯಾವುದೆಂದೂ ಹೇಳುವುದಿಲ್ಲ. “ಕಂಡವರು ಹೇಳುತ್ತಾರೆ” ಎಂದರಾಯಿತು. ಅಷ್ಟು ಜಾಣತನ ಇಷ್ಟು ವರ್ಷದ ವೃತ್ತಿ ಕಲಿಸಿದೆ.


ಜನವರಿ 24, ಗುರುವಾರ

ಬಂತು. ಮೊದಲ ಪುಟದಲ್ಲೇ ಶುರುವಾಗಿ ಒಳಗೆ ಮುಂದುವರಿದಿದೆ. ಇಷ್ಟು ವರ್ಷದಲ್ಲಿ ಮೊದಲ ಪುಟ ಇದೇ ಮೊದಲು.

“ಒಂಬತ್ತು ಬೆರಳಿನಲ್ಲಿ ಅವನು ಬೇರೆಯವರ ಮನೆಗಳಿಗೆ ಬಾಗಿಲು ಮಾಡುತ್ತಿದ್ದ” ಎಂದು ಆರಂಭ. ಮಧ್ಯಾಹ್ನ ನೀಲಿ ಅಂಗಿ ತೊಟ್ಟು, ಅರ್ಧ ಮುಗಿದ ಬಾಗಿಲಿನ ಮುಂದೆ ಉಳಿ ಹಿಡಿದು ಬಗ್ಗಿದ್ದವನ ಬೆನ್ನಿಗೆ ಗುಂಡು ಬಂತು ಎಂದು ಬರೆದಿದ್ದೇನೆ. ಹಳಿಯ ಆಚೆ ಮಾತ್ರ ನ್ಯಾಯ ಸಿಗುವ ದೇಶ ಯಾವ ದೇಶ ಎಂದು ಕೊನೆಯಲ್ಲಿ ಕೇಳಿದ್ದೇನೆ. ಓದಿಕೊಂಡಾಗ ನನ್ನ ಕಣ್ಣೇ ತುಂಬಿತು.

ಹೊರದೇಶದ ರೇಡಿಯೊ ಒಂದರಿಂದ ಫೋನ್. ಹತ್ತು ನಿಮಿಷ ಮಾತಾಡಿದೆ. ಹರ್ಲಿಂಗ್‌ಹ್ಯಾಮಿನ ಔಷಧದಂಗಡಿಯಲ್ಲಿ ಗುರುತು ಪರಿಚಯವಿಲ್ಲದ ಹೆಂಗಸೊಬ್ಬಳು ಬಂದು ಕೈ ಕುಲುಕಿದಳು. ಸಂಜೆ ಪಕ್ಕದ ಮನೆಯ ವಿಜಿ ಒಂದು ಡಬ್ಬಿ ಕೊಬ್ಬರಿ ಮಿಠಾಯಿ ತಂದುಕೊಟ್ಟಳು. ಮೈಸೂರಿನವಳು, ಒಳ್ಳೆಯ ಹೆಂಗಸು.

“ಓದಿ ಅತ್ತೇಬಿಟ್ಟೆ ಕಣ್ರೀ. ನಮ್ಮೆಜಮಾನ್ರ ಫ್ಯಾಕ್ಟರೀಲಿ ಎಲ್ರೂ ಫಾರ್ವರ್ಡ್ ಮಾಡ್ಕೊಂಡಿದಾರಂತೆ. ಇದು ನಿಮ್ಮನೆ ಅಪಿಯೊ ಗಂಡಂದೇ ವಿಷ್ಯ ತಾನೆ?”

“ಹೇಗೆ ಗೊತ್ತಾಯ್ತು?”

“ಅಯ್ಯೋ, ಒಂಬತ್ತು ಬೆರಳು ಅಂದ್ರೆ ಅವನೇ ಅಲ್ವಾ? ನಮ್ಮನೆ ಶೂ ರ‍್ಯಾಕೂ ಅವನೇ ಮಾಡಿದ್ದು. ಲ್ಯಾವಿಂಗ್ಟನ್‌ನಲ್ಲಿ ಕೆಲಸ ಮಾಡೋ ಹೆಂಡ್ತಿ ಅಂತ ಬೇರೆ ಬರ್ದಿದೀರ.”

ಪಕ್ಕದ ಮನೆಯವಳು, ಅವಳಿಗೆ ಗೊತ್ತಾದರೆ ಆಶ್ಚರ್ಯವೇನಿಲ್ಲ. ಬೇರೆಯವರಿಗೆ ಹೇಗೆ ಗೊತ್ತಾಗುತ್ತದೆ?

ಅಪಿಯೊ ಈ ವಾರವೂ ಬರಲಿಲ್ಲ. ದುಃಖದಲ್ಲಿದ್ದಾಳೆ, ಪಾಪ.


ಜನವರಿ 27, ಭಾನುವಾರ

ಪೂಜೆ ಮುಗಿಸಿ ಇಗರ್ಜಿಯಿಂದ ಬಂದರೆ ಗೇಟಿನ ಹೊರಗೆ ಅಪಿಯೊ ನಿಂತಿದ್ದಾಳೆ. ಒಳಗೆ ಬಾ ಎಂದರೆ ಬರಲಿಲ್ಲ. ಕಾರು ಒಳಗೆ ಹೋದ ಮೇಲೂ ಅಲ್ಲೇ ನಿಂತಳು. ನಾನೇ ಹೊರಗೆ ಹೋದೆ.

“ಶುಕ್ರವಾರ ಇಬ್ಬರು ಬಂದರು. ಪೊಲೀಸ್ ಬಟ್ಟೆ ಇರಲಿಲ್ಲ. ಒಂಬತ್ತು ಬೆರಳಿನ ಫುಂಡಿಯ ಹೆಂಡತಿ ಯಾರು, ಲ್ಯಾವಿಂಗ್ಟನ್‌ನಲ್ಲಿ ಮುಹಿಂದಿ ಮನೇಲಿ ಕೆಲಸ ಮಾಡೋಳು ಯಾರು ಅಂತ ಮನೆ ಮನೆ ಕೇಳಿದರು. ನಾನು ನೀರಿಗೆ ಹೋಗಿದ್ದೆ. ಪಕ್ಕದವನನ್ನ ಹೊಡೆದರು. ಅವರು ಹೋದ ಮೇಲೆ ಓಣಿಯವರೆಲ್ಲ ಸೇರಿ ನನ್ನ ಪಾತ್ರೆ, ಮಂಚ ಹೊರಗೆ ಹಾಕಿದರು. ನಿನ್ನಿಂದ ಪೊಲೀಸರು ಇಲ್ಲಿಗೆ ಬರ್ತಾರೆ, ಹೋಗು ಅಂತ.”

“ಅಪಿಯೊ, ನಾನು ಹೆಸರು ಹಾಕಿಲ್ಲ. ಬೇಕಾದರೆ ನೋಡು, ಎಲ್ಲೂ ಹೆಸರಿಲ್ಲ.”

“ಕಿಬೆರಾದಲ್ಲಿ ಒಂಬತ್ತು ಬೆರಳಿನ ಫುಂಡಿ ಎಷ್ಟು ಜನ ಇದ್ದಾರೆ?”

ಅವಳೇ ಮುಂದುವರಿಸಿದಳು.

“ನಿನ್ನೆ ಶವಾಗಾರಕ್ಕೆ ಹೋದೆ. ಫೈಲು ಇಲ್ಲ ಅಂತಾರೆ. ಮೇಲಿನವರು ತಗೊಂಡು ಹೋಗಿದ್ದಾರಂತೆ. ಹೆಣ ತೋರಿಸಲೂ ಇಲ್ಲ.” ರಸ್ತೆಯ ಕಡೆ ತಿರುಗಿದಳು. “ಕಾಯ್ತೀನಿ ಅಂದಿರಿ ಮಾಮಾ.”

ಹಿತ್ತಲ ಕೋಣೆಯಲ್ಲಿ ಇರು, ಇವತ್ತೇ ಖಾಲಿ ಮಾಡಿಸುತ್ತೇನೆ ಎಂದೆ. ಮುಹಿಂದಿಯ ಮನೆ ಎಂದು ಕೇಳಿಕೊಂಡು ಬಂದವರು ಮೊದಲು ಇಲ್ಲಿಗೇ ಬರುತ್ತಾರೆ ಎಂದು ಹೇಳಿ ಹೋದಳು. ಎಲ್ಲಿಗೆಂದು ಹೇಳಲಿಲ್ಲ.

ಕ್ಲಿಫರ್ಡ್ ಬಾಗಿಲಲ್ಲಿ ನಿಂತು ಎಲ್ಲ ಕೇಳಿಸಿಕೊಂಡಿದ್ದ. “ನೀನು ಮಾತು ಕೊಟ್ಟಿದ್ಯಾ?” ಎಂದು ಕೇಳಿದ. ಹೌದೆಂದೆ. ಅವನು ಒಳಗೆ ಹೋಗಿ ಊಟದ ಮೇಜಿನ ಮುಂದೆ ಕೂತ. ಇಬ್ಬರೂ ಉಣ್ಣಲಿಲ್ಲ.


ಜನವರಿ 30, ಬುಧವಾರ

ಶವಾಗಾರ. ಪೊಲೀಸ್ ಠಾಣೆ. ಮತ್ತೆ ಶವಾಗಾರ. ನನ್ನ ಪತ್ರಿಕೆಯ ಗುರುತಿನ ಚೀಟಿ ಕಂಡ ಕೂಡಲೇ ಎಲ್ಲ ಕಡೆ ಬಾಗಿಲು ಹಾಕಿಕೊಳ್ಳುತ್ತದೆ. ಬೂಟಿನ ಮುದುಕ ನನ್ನನ್ನು ನೋಡೇ ಇಲ್ಲ ಎಂದ.

ಜನ ಆಶ್ರಯ ಪಡೆದಿರುವ ಮೈದಾನದಲ್ಲೂ ಹುಡುಕಿದೆ. ಒಂದೊಂದು ಡೇರೆಗೂ ಬಗ್ಗಿ ನೋಡಿದೆ. ಅಪಿಯೊ ಇಲ್ಲ.


ಫೆಬ್ರವರಿ 2, ಶನಿವಾರ

ಎರಡನೆಯ ಪುಟದಲ್ಲಿ ಚೌಕಟ್ಟು ಕಟ್ಟಿ “ಸ್ಪಷ್ಟೀಕರಣ” ಹಾಕಿದ್ದಾರೆ. ನನಗೆ ಒಂದು ಮಾತೂ ಹೇಳಿರಲಿಲ್ಲ. ಮೃತನು ಗಲಭೆಕೋರರ ಕಲ್ಲೇಟಿನಿಂದ ಸತ್ತನೆಂದು ಅವನ ಹೆಂಡತಿಯೇ ಸಹಿ ಮಾಡಿ ಕೊಟ್ಟಿದ್ದಾಳೆ, ದೇಹವನ್ನು ಅವಳಿಗೆ ಒಪ್ಪಿಸಲಾಗಿದೆ, ಜನವರಿ 24ರ ಬರಹಕ್ಕೆ ಆಧಾರವಿಲ್ಲ, ಪತ್ರಿಕೆ ವಿಷಾದಿಸುತ್ತದೆ.

ಮುತಿಸ್ಯನ ಕೋಣೆಗೆ ಹೋದೆ. ಅವನು ತಲೆ ಎತ್ತಲಿಲ್ಲ.

“ಬೆನ್ನಿನ ಗಾಯ ನಾನು ನೋಡಿದ್ದೇನೆ ಅಂತ ನಿಮಗೆ ಗೊತ್ತು.”

“ನೀವು ಬರೆದದ್ದು ‘ಕಂಡವರು ಹೇಳುತ್ತಾರೆ’ ಎಂದು. ಕಂಡವರು ಯಾರು? ಹೆಂಡತಿಯೇ ಇಲ್ಲ ಅಂದಮೇಲೆ ನಾನೇನು ಮಾಡಲಿ ಜೆಸ್ವಿಟಾ? ಮಾಲೀಕರಿಗೆ ಮೂರು ಸಲ ಫೋನ್ ಬಂದಿದೆ. ಸದ್ಯಕ್ಕೆ ಅಂಕಣ ಬೇಡ.”

ಅವಳು ಸಹಿ ಹಾಕಬಾರದಿತ್ತು. ನನ್ನ ಹದಿನಾಲ್ಕು ವರ್ಷದ ಹೆಸರನ್ನು ಒಂದು ಸಹಿಯಲ್ಲಿ ಮುಗಿಸಿಬಿಟ್ಟಳು. ಒಂದು ಮಾತು ಕೇಳಬಹುದಿತ್ತು ನನ್ನನ್ನು. ಕೋಪ ಬರುತ್ತಿದೆ, ಅವಳ ಮೇಲೆ.

ನಾನು ಅವಳನ್ನು ಕೇಳಿದ್ದೆನೆ? ಎರಡು ಸಲ ಫೋನ್ ಮಾಡಿದ್ದೆ.


ಫೆಬ್ರವರಿ 6, ವಿಭೂತಿ ಬುಧವಾರ

ಇಗರ್ಜಿಯಲ್ಲಿ ಹಣೆಗೆ ಬೂದಿ ಇಡಿಸಿಕೊಂಡು ಬಂದೆ. 

ಫೋನಿಗೆ ಹೆಸರಿಲ್ಲದ ಸಂದೇಶಗಳು. ಒಂದು ಕಡೆಯವರು ಸುಳ್ಳುಗಾತಿ ಎನ್ನುತ್ತಾರೆ, ಇನ್ನೊಂದು ಕಡೆಯವರು ಮಾರಿಕೊಂಡವಳು ಎನ್ನುತ್ತಾರೆ. ಮುಹಿಂದಿ, ನಿನ್ನ ದೇಶಕ್ಕೆ ಹೋಗು ಎಂದು ಇಬ್ಬರೂ ಹೇಳುತ್ತಾರೆ. ಕ್ಲಿಫರ್ಡನ ಕೆಲಸದ ಪರವಾನಗಿ ಏಪ್ರಿಲಿನಲ್ಲಿ ಮುಗಿಯುತ್ತದೆ. ಈ ಸಲ “ಪರಿಶೀಲನೆಯಲ್ಲಿದೆ” ಎಂದು ಕಂಪನಿಗೆ ಕಾಗದ ಬಂದಿದೆ.  ಅವನು ನನ್ನನ್ನು ಬೈದಿದ್ದರೆ ಒಳ್ಳೆಯದಿತ್ತು.

ನಿದ್ದೆ ಇಲ್ಲ.


ಫೆಬ್ರವರಿ 9, ಶನಿವಾರ

ಅಪಿಯೊ ಸಿಕ್ಕಳು. ವಿಜಿಯ ಮನೆಯ ಕೆಲಸದವಳು ಹೇಳಿದ್ದು: ಒಂದು ಇಗರ್ಜಿಯ ಅಂಗಳದಿಂದ ಶನಿವಾರ ಬೆಳಿಗ್ಗೆ ಎಂಟು ಶವಪೆಟ್ಟಿಗೆಗಳೊಂದಿಗೆ ಎರಡು ಬಸ್ಸು ಪಶ್ಚಿಮಕ್ಕೆ ಹೊರಡುತ್ತವೆ, ಕಾವಲಿಗೆ ಪೊಲೀಸ್ ಜೀಪು ಇರುತ್ತದೆ.

ಚೀಲದಲ್ಲಿ ಟೇಪ್ ರೆಕಾರ್ಡರ್ ಇಟ್ಟುಕೊಂಡು ಹೋದೆ. ನಾನು ಹೋದದ್ದು ಯಾಕೆಂದು ಇಲ್ಲಿಯಾದರೂ ನಿಜ ಬರೆಯಬೇಕು. ಸಹಿ ಬಲವಂತದ್ದು ಎಂದು ಅವಳ ಬಾಯಿಂದ ಒಂದು ಮಾತು ಸಿಕ್ಕಿದರೆ ಸಾಕಿತ್ತು. ಮುತಿಸ್ಯನ ಮೇಜಿನ ಮೇಲೆ ಅದನ್ನು ಇಟ್ಟು ಬರಬೇಕೆಂದು ಹೋಗಿದ್ದೆ.

ಪೆಟ್ಟಿಗೆಗಳನ್ನು ಗೋಡೆಯ ನೆರಳಿನಲ್ಲಿ ಸಾಲಾಗಿ ಇಟ್ಟಿದ್ದರು. ಅಪಿಯೊ ಒಂದರ ಪಕ್ಕ ನೆಲದ ಮೇಲೆ ಕೂತಿದ್ದಳು. ತೆಳ್ಳಗಾಗಿದ್ದಳು. ನನ್ನನ್ನು ಕಂಡು ಏಳಲಿಲ್ಲ. ನಾನೂ ನೆಲಕ್ಕೆ ಕೂತೆ.

“ಪೇಪರ್ ಇದೆಯಾ?” ಎಂದು ಕೇಳಿದಳು.

ನನಗೆ ಅರ್ಥವಾಗಲಿಲ್ಲ.

“ನೀನು ಬರೆದದ್ದು. ನನಗೆ ಇಂಗ್ಲಿಷ್ ಬರಲ್ಲ. ಎಲ್ಲರೂ ಓದಿದ್ದಾರೆ, ನಾನು ಓದಿಲ್ಲ. ಓದಿ ಹೇಳು.”

ಚೀಲದಲ್ಲಿತ್ತು. ತೆಗೆದು ಒಂದೊಂದೇ ವಾಕ್ಯವನ್ನು ಸ್ವಾಹಿಲಿಗೆ ತಿರುಗಿಸಿ ಓದತೊಡಗಿದೆ. ಒಂಬತ್ತು ಬೆರಳಿನಲ್ಲಿ ಬೇರೆಯವರ ಮನೆಗಳಿಗೆ ಬಾಗಿಲು ಮಾಡುತ್ತಿದ್ದ.

“ಬಾಗಿಲು ಕಡಿಮೆ. ಮಂಚವೇ ಜಾಸ್ತಿ,” ಎಂದಳು.

ನೀಲಿ ಅಂಗಿ ತೊಟ್ಟಿದ್ದ.

“ಅಂಗಿ ಹಾಕಿರಲಿಲ್ಲ. ಬನಿಯನ್ನು. ಸೆಕೆ ಇತ್ತು.”

ಅರ್ಧ ಮುಗಿದ ಬಾಗಿಲಿನ ಮುಂದೆ ಉಳಿ ಹಿಡಿದು ಬಗ್ಗಿದ್ದ.

“ಇಲ್ಲ. ಅಂಗಡಿ ಮುಚ್ಚಿದ್ದ. ಸೀಮೆಎಣ್ಣೆಗೆ ಹೋಗಿದ್ದ. ಕೈಯಲ್ಲಿ ಡಬ್ಬಿ ಇತ್ತು. ಗುಂಡಿನ ಶಬ್ದ ಕೇಳಿ ಓಡಿದ. ಓಡುವಾಗ ಬೆನ್ನಿಗೆ ಗುಂಡು ಬಿತ್ತು. ಇದನ್ನ ಯಾರು ಹೇಳಿದರು ನಿನಗೆ, ಉಳಿ ಅಂತ?”

ಯಾರೂ ಹೇಳಿರಲಿಲ್ಲ. ಅವನು ಕೆಲಸ ಮಾಡುತ್ತಿರುವಾಗಲೇ ಸತ್ತನೆಂದು ಇದ್ದರೆ ಚೆನ್ನಾಗಿರುತ್ತದೆ ಎಂದು ನಾನೇ ಹಾಕಿದ್ದೆ.

“ಯಾರೂ ಹೇಳಲಿಲ್ಲ,” ಎಂದೆ.

ಅವಳು ತಲೆ ಅಲ್ಲಾಡಿಸಿದಳು. “ಓಡಿದ ಅಂತ ಬರೆದರೆ ಏನಾಗುತ್ತಿತ್ತು? ಹೆದರಿ ಓಡಿದ. ಎಲ್ಲರೂ ಓಡಿದರು.”

ಕೊನೆಯವರೆಗೂ ಓದಿಸಿದಳು. ಹಳಿಯ ಆಚೆಯ ನ್ಯಾಯದ ಮಾತು ಬಂದಾಗ ಅವಳು ಕೇಳುತ್ತಿರಲಿಲ್ಲ, ಬಸ್ಸಿನ ಮೇಲೆ ಹಗ್ಗ ಕಟ್ಟುವುದನ್ನು ನೋಡುತ್ತಿದ್ದಳು. ಓದಿ ಮುಗಿಸಿ ಪತ್ರಿಕೆಯನ್ನು ಮಡಚಿದೆ.

“ಸಹಿ ಹಾಕಿದರೆ ಕೊಡ್ತೀವಿ ಅಂದರು. ಹಾಕದಿದ್ದರೆ ಎಲ್ಲಿ ಹೂಳ್ತೀವೋ ಹೇಳಲ್ಲ ಅಂದರು. ಕಾಗದದಲ್ಲಿ ಏನಿತ್ತು ಅಂತ ಓದಿ ಹೇಳಲಿಲ್ಲ. ಹಾಕಿದೆ. ನಿನ್ನ ಕೆಲಸ ಹೋಯ್ತಂತೆ.”

“ಹೋಯ್ತು.”

“ಪೋಲೆ,” ಎಂದಳು. ಪಾಪ, ಎಂದು. ನನಗೆ, ಅವಳು.

ರೆಕಾರ್ಡರ್ ಚೀಲದಲ್ಲೇ ಇತ್ತು. ಪೆಟ್ಟಿಗೆಯನ್ನು ಬಸ್ಸಿಗೆ ಏರಿಸುವಾಗ ಜನ ಸಾಲದೆ ಕರೆದರು. ನಾನೂ ಒಂದು ಮೂಲೆಗೆ ಭುಜ ಕೊಟ್ಟೆ. ಬಹಳ ಭಾರವಿತ್ತು. ಅಪಿಯೊ ಕಿಟಕಿಯ ಪಕ್ಕ ಕೂತಳು. ಬಸ್ಸು ಹೊರಟಾಗ ಅವಳು ಈ ಕಡೆ ನೋಡಲಿಲ್ಲ.


ಫೆಬ್ರವರಿ 28, ಗುರುವಾರ

ಸಂಜೆ ಒಪ್ಪಂದಕ್ಕೆ ಸಹಿ ಬಿತ್ತು. ಎರಡೂ ಕಡೆಯವರು ಕೈ ಕುಲುಕಿದರು. ರಸ್ತೆಯಲ್ಲಿ ಕಾರುಗಳ ಹಾರನ್ ಸದ್ದು. ವಿಜಿ ಬೇಲಿಯ ಆಚೆಯಿಂದ ಕೂಗಿದಳು: “ಮುಗೀತಲ್ಲ ಕಣ್ರೀ, ಸದ್ಯ!”

ಕ್ಲಿಫರ್ಡನ ಪರವಾನಗಿ ಮುಂದುವರಿಯುವುದಿಲ್ಲ. ಏಪ್ರಿಲ್ ಮೂವತ್ತರೊಳಗೆ ಹೊರಡಬೇಕು. ಅವನು ಪೆಟ್ಟಿಗೆಗಳನ್ನು ಹೊರಗೆ ತಂದು ಹಿತ್ತಲ ಕೋಣೆಯನ್ನು ಗುಡಿಸುತ್ತಿದ್ದ. ಯಾರಿಗೆಂದು ಕೇಳಲಿಲ್ಲ ನಾನು.

ಹಲವು ಸಲ ಅಪಿಯೊಳಿಗೆ ಫೋನ್ ಮಾಡಲು ಹೋಗಿ ಇಟ್ಟುಬಿಟ್ಟೆ. ಏನೆಂದು ಕೇಳಲಿ?


ಮಾರ್ಚ್ 9, ಭಾನುವಾರ

ಮಾಡಿದೆ. ಎತ್ತಿದಳು. ಹಿನ್ನೆಲೆಯಲ್ಲಿ ಕೋಳಿಗಳ ಸದ್ದು. ಅವನ ತಾಯಿಯ ಮನೆಯ ಮುಂದೆಯೇ ಮಣ್ಣು ಮಾಡಿದರಂತೆ.

ಇಲ್ಲಿ ವಕೀಲರ ಒಂದು ಗುಂಪು ಗುಂಡೇಟಿನಿಂದ ಸತ್ತವರ ಬಗ್ಗೆ ಸಾಕ್ಷಿ ಬರೆದುಕೊಳ್ಳುತ್ತಿದೆ, ನಾನು ಕಂಡದ್ದನ್ನು ನನ್ನ ಹೆಸರಿನಲ್ಲಿ ಕೊಡಬಹುದೇ ಎಂದು ಕೇಳಿದೆ. ಬೇಡವೆಂದರೆ ಕೊಡುವುದಿಲ್ಲ ಎಂದೆ.

 ಅವಳು ಕೋಳಿಗಳನ್ನು ಅಟ್ಟುವುದು ಕೇಳಿಸಿತು.

“ಅವನ ಹೆಸರು ಹಾಕು. ಪೂರ್ತಿ ಹೆಸರು. ಜಾಯೆಲ್ ಒಗೊಲ್ಲಾ. ನನ್ನದು ಬೇಡ. ಮಕ್ಕಳು ಇಲ್ಲಿ ಶಾಲೆಗೆ ಹೋಗ್ತಾರೆ.”

“ಸರಿ.”

“ಕೊಡೋ ಮೊದಲು ನನಗೆ ಓದಿ ಹೇಳಬೇಕು.”


ಮಾರ್ಚ್ 11, ಮಂಗಳವಾರ

ವಕೀಲರ ಆಫೀಸು ಪೇಟೆಯ ಒಂದು ಹಳೆಯ ಕಟ್ಟಡದ ನಾಲ್ಕನೆಯ ಮಹಡಿ. ಲಿಫ್ಟ್ ಕೆಟ್ಟಿತ್ತು. ಕ್ಲಿಫರ್ಡ್ ಜೊತೆಗೆ ಹತ್ತಿ ಬಂದ, ಹೊರಗಿನ ಬೆಂಚಿನಲ್ಲಿ ಕೂತ.

ವಕೀಲೆ ಚಿಕ್ಕ ವಯಸ್ಸಿನವಳು. ಮೊದಲೇ ಹೇಳಿಬಿಟ್ಟಳು: “ಹೆಂಡತಿಯ ಸಹಿ ಇರುವ ಕಾಗದ ನಿಮ್ಮ ಮಾತಿಗೆ ವಿರುದ್ಧವಾಗಿದೆ. ಅವರ ಹೇಳಿಕೆ ಇಲ್ಲದೆ ಇದು ಬಹಳ ದುರ್ಬಲ. ಅವರನ್ನು ಒಪ್ಪಿಸಲು ಆಗುತ್ತದೆಯೇ?”

“ಇಲ್ಲ. ಕೇಳುವುದಿಲ್ಲ.”

“ನಿಮ್ಮ ಹೆಸರು ಬಹಿರಂಗವಾಗುತ್ತದೆ. ಮತ್ತೆ ಈ ದೇಶಕ್ಕೆ ಬರಲು ವೀಸಾ ಕೊಡದೆ ಇರಬಹುದು. ಇಷ್ಟು ಮಾಡಿಯೂ ಏನೂ ಆಗದೆ ಹೋಗಬಹುದು. ಇಲ್ಲಿ ಇಂಥ ನೂರಾರು ಫೈಲು ಇವೆ.”

ಗೊತ್ತು ಎಂದೆ.

ನಮೂನೆಯಲ್ಲಿ ಮೃತನಿಗೂ ನಿಮಗೂ ಏನು ಸಂಬಂಧ ಎಂಬ ಪ್ರಶ್ನೆ ಇತ್ತು. ಗೆಳತಿಯ ಗಂಡ ಎಂದೆ. ಅವಳು ಬರೆದುಕೊಂಡಳು. ಆಮೇಲೆ ತಿದ್ದಲು ಹೇಳಿದೆ. ನಮ್ಮ ಮನೆಯಲ್ಲಿ ಕೆಲಸ ಮಾಡುತ್ತಿದ್ದವಳ ಗಂಡ.

ಹೇಳಿಕೆ ಹನ್ನೆರಡು ಸಾಲು ಬಂತು. ದಿನಾಂಕ, ಜಾಗ. ಶವಾಗಾರದ ಮೂರನೆಯ ಸಾಲು. ಎಡಗೈಯಲ್ಲಿ ಉಂಗುರದ ಬೆರಳಿಲ್ಲ. ಎಡ ಹೆಗಲ ಮೂಳೆಯ ಕೆಳಗೆ ಸಣ್ಣ ಗಾಯ, ಎದೆಯಲ್ಲಿ ದೊಡ್ಡದು. ತಲೆಗೆ, ಮುಖಕ್ಕೆ ಕಲ್ಲೇಟಿನ ಗುರುತು ಇರಲಿಲ್ಲ. ಇದನ್ನು ನಾನು ಕಂಡೆ.

ಸಹಿ ಮಾಡುವ ಮೊದಲು 'ಒಂದು ನಿಮಿಷ' ಎಂದು ಹೊರಗಿನ ಮೊಗಸಾಲೆಗೆ ಬಂದು ಅಪಿಯೊಳಿಗೆ ಫೋನ್ ಮಾಡಿದೆ. ಕಿಟಕಿಯ ಪಕ್ಕ ನಿಂತು ಸ್ವಾಹಿಲಿಯಲ್ಲಿ ಓದಿದೆ. ಕೆಳಗೆ ಮಟಾಟುಗಳ ಗದ್ದಲ, ಒಂದು ಕಿವಿ ಮುಚ್ಚಿಕೊಂಡು ಓದಿದೆ. ಕ್ಲಿಫರ್ಡ್ ಬೆಂಚಿನಿಂದ ಎದ್ದು ಬಂದು ಕಿಟಕಿ ಮುಚ್ಚಿದ.

ಮುಗಿದ ಮೇಲೆ ತಿದ್ದುವುದೇನಾದರೂ ಇದೆಯೇ ಎಂದು ಕೇಳಿದೆ.

“ಇಲ್ಲ. ಹಾಗೇ ಇತ್ತು,” ಎಂದಳು. ಅವಳ ಪಕ್ಕದಲ್ಲಿ ಯಾರೋ ಮುದುಕಿ ಏನೋ ಕೇಳುತ್ತಿದ್ದಳು. ಅಪಿಯೊ ಅವರ ಭಾಷೆಯಲ್ಲಿ ಅವಳಿಗೆ ಉತ್ತರ ಕೊಟ್ಟಳು. ಆಮೇಲೆ ನನಗೆ ಹೇಳಿದಳು:

“ಇನ್ನೊಂದು ಸಲ ಓದು. ನಿಧಾನಕ್ಕೆ. ಅವನ ತಾಯಿಗೆ ಕೇಳಿಸಬೇಕಂತೆ.”

ಮೊದಲಿನಿಂದ ಓದಿದೆ.